ಮೂರು ಸಲ ಕರೆದ ಮೇಲೆ

ಜವಾನ ಬೇಡ ಬೇಡ ಅಂದರೂ ಕೇಳದೆ ಪಾರ್ಸೆಲ್ ಸಾಹೇಬನ ಕೋಣೆಗೆ ಅವನ ಅತ್ತಿಗೆ ನುಗ್ಗಿದಳು. ಮಾಜಿ ಸೈನಿಕರ ಇಲಾಖೆಗೆ ಅವನು ಮುಖ್ಯಸ್ಥನಾಗಿ ಬಂದು ಐದು ತಿಂಗಳಾಗಿತ್ತು. ಅದಕ್ಕೆ ಮುಂಚೆ ದೊಡ್ಡ ಪಾರ್ಸೆಲ್ ಕಂಪನಿ ನಡೆಸುತ್ತಿದ್ದ. ಆ ಅಡ್ಡಹೆಸರು ಗುಮಾಸ್ತರು ಇಟ್ಟದ್ದು.

"ನಿಮ್ಮಣ್ಣನ ಚಿಕಿತ್ಸೆ ಅರ್ಜಿ ಮುಚ್ಚಿದ್ದೀರಂತೆ. 'ಅರ್ಜಿದಾರರಿಗೆ ಆಸಕ್ತಿ ಇಲ್ಲ' ಅಂತ ಬರೆದಿದ್ದೀರಂತೆ. ಕಾಲು ಮಂಡಿವರೆಗೂ ಕಪ್ಪಾಗಿದೆ ಕಣೋ! ಆಸಕ್ತಿ ಇಲ್ವಂತೆ!"

"ಅಣ್ಣ ಅರ್ಜಿ ಹಾಕಿದ್ನಾ? ನನಗೊಂದು ಮಾತು ಹೇಳಬಾರದಿತ್ತಾ ಅತ್ತಿಗೆ?"

"ತಮ್ಮನ ಹೆಸರು ಹೇಳಿ ಸಾಲು ಮುರಿಯಲ್ಲ ಅಂದ್ರು. ನಿಂಗೆ ಗೊತ್ತಲ್ಲ ಆ ಹಟ."

ಗೊತ್ತಿತ್ತು. ಸೈನ್ಯದಲ್ಲಿ ಫಿರಂಗಿ ಹೊಡೆದು ತಮ್ಮನನ್ನು ಓದಿಸಿದವನು ಆ ಅಣ್ಣ. ಅವನ ಋಣಕ್ಕೆಂದೇ ಇವನು ಕಂಪನಿ ಬಿಟ್ಟು ಇಲ್ಲಿಗೆ ಬಂದದ್ದು.

ಸಾಹೇಬ ಕರೆಸಿದ ಗುಮಾಸ್ತ ಕಂಪ್ಯೂಟರ್ ನೋಡಿ ಹೇಳಿದ. "ಮೂರು ಸಲ ಫೋನ್ ಮಾಡಿದ್ದೀವಿ ಸಾರ್. ಎತ್ತಿಲ್ಲ. ಮೂರಾದ್ಮೇಲೆ ಮುಚ್ಚಬೇಕು, ತಮ್ಮದೇ ಆರ್ಡರು."

ಪಾರ್ಸೆಲ್ ಕಂಪನಿಯ ಪದ್ಧತಿ ಅದು. ಮೂರು ಸಲ ಹೋದರೂ ಬಾಗಿಲು ತೆರೆಯದಿದ್ದರೆ ಪೆಟ್ಟಿಗೆ ವಾಪಸ್ಸು. ಹಳೇ ಅರ್ಜಿಗಳ ಗುಡ್ಡ ಅದರಿಂದಲೇ ಕರಗಿತ್ತು. ಹೋದ ವಾರ ಮಂತ್ರಿಗಳು ಬೆನ್ನು ತಟ್ಟಿದ್ದರು.

"ಫೋನು ಪಕ್ಕದಲ್ಲೇ ಇತ್ತು. ಕಿವಿ ಎಲ್ಲಿತ್ತು? ಇಪ್ಪತ್ತು ವರ್ಷ ಫಿರಂಗಿ ಪಕ್ಕ ನಿಂತೋರು ಅವರು!" ಅಂದಳು ಅತ್ತಿಗೆ.

ಸಾಹೇಬ ಗುಮಾಸ್ತನ ಕಡೆ ತಿರುಗಿದ. "ಫಿರಂಗಿ ದಳದವರು ಎಷ್ಟು ಜನ ಹೀಗೆ...?"

"ಆರು ನೂರ ಹನ್ನೆರಡು, ಸಾರ್. ಎಲ್ಲಕ್ಕಿಂತ ಬೇಗ ಖಾಲಿಯಾದ ವಿಭಾಗ ಅದೇ."

"ಅಷ್ಟೂ ತೆಗಿ. ಈಗಲೇ."

"ಮುಚ್ಚಿದ್ದನ್ನ ತೆಗೆಯೋ ದಾರಿ ಇಟ್ಟಿಲ್ಲ ಸಾರ್. ಇಟ್ರೆ ಸೋಮಾರಿಗಳಾಗ್ತೀರಿ ಅಂದ್ರಿ. ಹೊಸ ಅರ್ಜಿ ಹಾಕಬೇಕು. ನಲವತ್ತು ದಿನ."

"ಡಾಕ್ಟರು ನಾಲ್ಕು ದಿನ ಅಂದಿದ್ದಾರೆ," ಅಂದಳು ಅತ್ತಿಗೆ. ಈಗ ಅವಳ ದನಿಯಲ್ಲಿ ಸಿಟ್ಟೂ ಉಳಿದಿರಲಿಲ್ಲ.

ಸಾಹೇಬ ಕೈಯಾರೆ ಪತ್ರ ಬರೆದು ಸಹಿ ಜಡಿದು ಸೈನಿಕರ ಆಸ್ಪತ್ರೆಗೆ ಫೋನ್ ಮಾಡಿದ. ಅಲ್ಲಿಯವಳು ನಯವಾಗಿಯೇ ಹೇಳಿದಳು. "ಅರ್ಜಿ ನಂಬರಿಲ್ಲದ ಪತ್ರ ಯಾರು ತಂದ್ರೂ ತಗೋಬೇಡಿ ಅಂತ ನೀವೇ ಬರೆದಿದ್ದೀರಿ ಸಾರ್. ಗೋಡೆಗೆ ಅಂಟಿಸಿದ್ದೀವಿ." ಬೈದ. ಬೇಡಿಕೊಂಡ. ಅವಳು ಫೋನ್ ಇಟ್ಟಳು.

ಅಣ್ಣನನ್ನು ಆಸ್ಪತ್ರೆ ಬಾಗಿಲಲ್ಲೇ ಮಲಗಿಸುತ್ತೇನೆ, ಯಾರು ಎತ್ತಿ ಎಸೆಯುತ್ತಾರೋ ನೋಡೋಣ ಅಂದುಕೊಂಡು ಅತ್ತಿಗೆಯನ್ನು ಕಾರಿಗೆ ಹತ್ತಿಸಿಕೊಂಡು ಹೊರಟ. ಅಣ್ಣನ ಮನೆ ಮೆಟ್ಟಿಲನ್ನು ಎರಡೆರಡಾಗಿ ಹತ್ತಿ, ಅವಳು ಬೀಗದಕೈ ತರುವಷ್ಟರಲ್ಲಿ ಬಾಗಿಲು ಬಡಿದ. ಒಮ್ಮೆ, ಎರಡು ಸಲ, ಮೂರು ಸಲ. ಒಳಗಿಂದ ಉಸಿರಿಲ್ಲ. ಎತ್ತಿದ ಕೈ ಅಲ್ಲೇ ನಿಂತಿತು.

ಬೀಗ ತೆಗೆದಾಗ ಕೋಣೆಯಲ್ಲಿ ಕೊಳೆತ ವಾಸನೆ. ಅಣ್ಣ ಮಂಚದ ಮೇಲೆ ಗೋಡೆಗೊರಗಿ ಕೂತಿದ್ದ. ಕಣ್ಣು ಕೆಂಡ. ಎರಡೂ ಕೈಯಲ್ಲಿ ಫೋನು, ನೋಟ ಅದರ ಮೇಲೇ.

"ಬಂದ್ಯಾ? ನಿನ್ನ ಇಲಾಖೆಯೋರು ಫೋನ್ ಮಾಡ್ತಾರೆ. ಮಲಗಿದ್ರೆ ತಪ್ಪಿಹೋಗುತ್ತೆ ಅಂತ ಮೂರು ದಿನದಿಂದ ಕಣ್ಣು ಮುಚ್ಚಿಲ್ಲ."

ಅತ್ತಿಗೆ ಗೋಡೆ ಕಡೆ ತಿರುಗಿದಳು. ಅರ್ಜಿ ಮುಚ್ಚಿದ ಸುದ್ದಿ ಅವಳು ಅವನಿಗೆ ಹೇಳಿರಲಿಲ್ಲ.

ತಮ್ಮ ಅಣ್ಣನ ಕಂಕುಳಿಗೆ ಕೈಹಾಕಿ, ಕಿವಿಗೆ ಬಾಯಿಟ್ಟು ಕೂಗಿದ. "ಏಳಣ್ಣ! ಆಸ್ಪತ್ರೆಗೆ ಹೋಗೋಣ, ಏಳು!"

ಅಣ್ಣ ಅವನನ್ನು ದೂಡಿದ.

"ಕೂಗಬೇಡ ಕಣೋ. ಫೋನ್ ಬಂದ್ರೆ ಕೇಳಿಸಲ್ಲ."