ನಾಯಿ ತೆರಿಗೆಯ ಪೆಟಿಂಗಿಲ್

ಆರಿನ್ ಪೆಟಿಂಗಿಲ್ ಚರ್ಮ ಹದ ಮಾಡುವವನ ಮಗ. ಓಹಾಯೋದ ಗುಡ್ಡಗಾಡಿನ ಸಣ್ಣ ಊರೊಂದರಲ್ಲಿ ಮುದಿ ನ್ಯಾಯಾಧೀಶರೊಬ್ಬರ ಕಚೇರಿ ಗುಡಿಸುತ್ತ, ಅವರ ಪುಸ್ತಕಗಳನ್ನೇ ಓದಿ ವಕೀಲನಾದ. ಬೇಲಿಯ ಜಗಳ, ಕುಂಟು ಕುದುರೆಯನ್ನು ಚೆನ್ನಾಗಿದೆಯೆಂದು ಮಾರಿದ ತಕರಾರು, ಅಣ್ಣತಮ್ಮಂದಿರ ಪಾಲು, ಇಂಥವೇ ಅವನ ಮೊಕದ್ದಮೆಗಳು. ಮಾತು ಕಡಿಮೆ, ಸುಳ್ಳು ಇನ್ನೂ ಕಡಿಮೆ ಎಂದು ಮೆಚ್ಚಿದ ಜನ ಅವನನ್ನು ರಾಜಧಾನಿ ಕೊಲಂಬಸ್ಸಿನ ಶಾಸನಸಭೆಗೆ ಆರಿಸಿ ಕಳಿಸಿದರು.

ಎರಡನೇ ಸಲ ಗೆದ್ದ ವರ್ಷ ಹುಲ್ಡಾ ಕ್ರೇನ್ ಎಂಬ ವಿಧವೆ ಅವನಲ್ಲಿಗೆ ಬಂದಳು. ಊರಿನ ನಾಯಿಗಳು ಗುಂಪಾಗಿ ಅವಳ ದೊಡ್ಡಿಗೆ ನುಗ್ಗಿ ಅರ್ಧ ಕುರಿಗಳನ್ನು ಹರಿದುಹಾಕಿದ್ದವು. ಎಲ್ಲಕ್ಕೂ ಮುಂದಿದ್ದದ್ದು ಕಮ್ಮಾರ ಅಮೋಸ್ ರಿಗ್ಸ್‌ನ ಕಂದು ಬೇಟೆನಾಯಿ ಎಂದು ಅವಳು ಕಣ್ಣಾರೆ ಕಂಡಿದ್ದಳು. ಪೆಟಿಂಗಿಲ್ ದಾವೆ ಹೂಡಿದ. ಕೋರ್ಟಿನಲ್ಲಿ ರಿಗ್ಸ್ ಪ್ರಮಾಣ ಮಾಡಿ, "ಕುಲುಮೆ ಹತ್ರ ಎಷ್ಟೋ ನಾಯಿ ಬಂದು ಮಲಗ್ತಾವೆ ಸ್ವಾಮಿ. ರೊಟ್ಟಿ ಚೂರು ಎಸೆದ ಮಾತ್ರಕ್ಕೆ ನಂದಾಗುತ್ತಾ?" ಎಂದುಬಿಟ್ಟ. ದಾವೆ ಬಿದ್ದುಹೋಯಿತು.

ಹೊರಗೆ ಬಂದ ಮೇಲೆ ಹುಲ್ಡಾ ಅಳಲಿಲ್ಲ. "ವಕೀಲ್ರೇ, ನನ್ನ ಕುರಿಗೆ ಸರ್ಕಾರ ತೆರಿಗೆ ಕಟ್ಟಿಸ್ಕೊಳ್ಳುತ್ತೆ. ಕುರಿ ತಿನ್ನೋ ನಾಯಿಗೆ ತೆರಿಗೇನೂ ಇಲ್ಲ, ಯಜಮಾನನೂ ಇಲ್ಲ. ನೀವೆಲ್ಲ ಅಲ್ಲಿ ಕೂತು ಮಾಡ್ತಿರೋದಾದ್ರೂ ಏನು?" ಎಂದಳು.

ಆ ಚಳಿಗಾಲದಲ್ಲಿ ಪೆಟಿಂಗಿಲ್ ಸಭೆಯಲ್ಲಿ ಮಸೂದೆ ತಂದ. ನಾಯಿ ಸಾಕುವವರು ವರ್ಷಕ್ಕೊಂದು ಡಾಲರ್ ಕಟ್ಟಬೇಕು. ಆ ಹಣದಲ್ಲಿ ಕುರಿ ಕಳೆದುಕೊಂಡವರಿಗೆ ಪರಿಹಾರ. ಅವನು ಓದತೊಡಗಿದಾಗ ಹಿಂದಿನ ಸಾಲಿನವರು ಬೊಗಳಿದರು. ಒಬ್ಬನಂತೂ ಊಳಿಟ್ಟ. ಪೆಟಿಂಗಿಲ್ ಕನ್ನಡಕ ಒರೆಸಿಕೊಂಡು, "ಮಾನ್ಯ ಸದಸ್ಯರದ್ದು ಮುಗಿದಿದ್ರೆ ಮುಂದಿನ ಕಲಮು ಓದ್ತೀನಿ" ಎಂದ. ಕುರಿ ಸಾಕುವ ಜಿಲ್ಲೆಗಳವರು ಕೈಬಿಡಲಿಲ್ಲ. ಮಸೂದೆ ಕೂದಲೆಳೆಯಲ್ಲಿ ಪಾಸಾಯಿತು.

ಮನೆಗೆ ಬಂದಾಗ ಹೆಂಡತಿ ಥರ್ಜಾ ಕೇಳಿದಳು: "ನಮ್ಮೂರಲ್ಲಿ ನಾಯಿ ಇಲ್ಲದ ಮನೆ ಯಾವುದಿದೆ, ಹೇಳಿ ನೋಡೋಣ."

"ನಮ್ಮದು."

"ಹಾಗಾದ್ರೆ ಒಂದು ಓಟು ಗ್ಯಾರಂಟಿ."

ಅವಳ ಮಾತು ಹೆಚ್ಚು ಕಡಿಮೆ ನಿಜವೇ ಆಯಿತು. ಚುನಾವಣೆಯ ಸಭೆಗೆ ಜನ ಬೇಕೆಂದೇ ನಾಯಿಗಳನ್ನು ಎಳೆದುಕೊಂಡು ಬಂದರು. ರಿಗ್ಸ್ ಎದ್ದು ನಿಂತು, "ಬಡವನ ಮನೇಲಿ ಅವನ ಮಾತು ಕೇಳೋದು ನಾಯಿ ಒಂದೇ. ಅದಕ್ಕೂ ತೆರಿಗೆ ಹಾಕಿದ್ರಲ್ಲ!" ಎಂದು ಕೂಗಿದ.

"ಅದು ನಿಂದಲ್ಲ ಅಂತ ಪ್ರಮಾಣ ಮಾಡಿದ್ಯಲ್ಲಪ್ಪ?" ಎಂದ ಪೆಟಿಂಗಿಲ್.

ಜನ ಹೊಟ್ಟೆ ಹಿಡಿದುಕೊಂಡು ನಕ್ಕರು. ನಕ್ಕವರೆಲ್ಲ ಹೋಗಿ ಎದುರಾಳಿಗೆ ಓಟು ಹಾಕಿದರು.

ಸೋತ ವಾರದಲ್ಲೇ ಹುಲ್ಡಾ ಒಂದು ಕುರಿತೊಡೆ ತಂದುಕೊಟ್ಟಳು. "ನಾನು ಓಟು ಹಾಕೋ ಹಾಗಿದ್ರೆ ನಿಮಗೇ ಹಾಕ್ತಿದ್ದೆ" ಎಂದಳು. ಹೆಂಗಸರಿಗೆ ಓಟಿಲ್ಲದ ಕಾಲ ಅದು. ಯಾರಿಗಾಗಿ ಕಾನೂನು ಮಾಡಿದ್ದನೋ ಅವಳಿಗೆ ಓಟೇ ಇಲ್ಲವೆಂಬುದು ಪೆಟಿಂಗಿಲ್‌ಗೆ ಗೊತ್ತಿಲ್ಲದ್ದೇನಲ್ಲ. ಆದರೆ ಅದು ಚುಚ್ಚಿದ್ದು ಅಂದೇ. ಹೊಸ ಸಭೆ ಕೂತಕೂಡಲೇ ನಾಯಿ ತೆರಿಗೆಯನ್ನು ರದ್ದು ಮಾಡಿತು.

ಮುಂದಿನ ವಸಂತದಲ್ಲಿ ರಿಗ್ಸ್ ಟೋಪಿ ಕೈಯಲ್ಲಿ ಹಿಡಿದು ಕಚೇರಿಗೆ ಬಂದ. ಕಣ್ಣು ಕೆಂಪಾಗಿದ್ದವು.

"ಆ ಹೆಂಗಸು ನನ್ನ ನಾಯೀನ ಗುಂಡಿಟ್ಟು ಕೊಂದ್ಲು ವಕೀಲ್ರೇ. ಅವಳ ಮೇಲೆ ಕೇಸು ಹಾಕಿ."

"ಎಲ್ಲಿ ಕೊಂದ್ಲು?"

"ದೊಡ್ಡಿ ಒಳಗೆ."

ಪೆಟಿಂಗಿಲ್ ಪೆನ್ನು ಕೆಳಗಿಟ್ಟ. "ಕೂತ್ಕೋ. ತೆರಿಗೆ ಇದ್ದಾಗ ನಾಯಿ ನಿನ್ನ ಸ್ವತ್ತು ಅಂತ ವಾದಿಸೋಕೆ ಒಂದು ದಾರಿ ಇತ್ತು. ಈಗ ಕಾನೂನಿನ ಕಣ್ಣಲ್ಲಿ ಅದಕ್ಕೆ ಬೆಲೇನೇ ಇಲ್ಲ. ಮೇಲಾಗಿ ಅದು ಸತ್ತಿದ್ದು ಕುರಿಗಳ ಮಧ್ಯೆ. ಈ ಕೇಸು ನಿಲ್ಲಲ್ಲ."

ಹಂಗಿಸಲು ಬೇಕಾದಷ್ಟಿತ್ತು. ಆದರೆ ಆ ದೊಡ್ಡ ದೇಹ ಕುರ್ಚಿಯಲ್ಲಿ ಕುಸಿದು ಕೂತದ್ದನ್ನು ನೋಡಿ ಪೆಟಿಂಗಿಲ್‌ಗೆ ಮನಸ್ಸಾಗಲಿಲ್ಲ. "ನಡಿ, ನಾಯೀನಾದ್ರೂ ತರೋಣ" ಎಂದು ಕೋಟು ಹಾಕಿಕೊಂಡ.

ಹುಲ್ಡಾ ನಾಯಿಯ ಮೇಲೆ ಗೋಣಿ ಹೊದಿಸಿದ್ದಳು. ಸನಿಕೆ ತಂದುಕೊಟ್ಟಳು. ಬೇಲಿಯಾಚೆ ರಿಗ್ಸ್ ಗುಂಡಿ ಅಗೆದ. ಅವನಿಗೆ ಏದುಸಿರು ಬಂದಾಗ ಪೆಟಿಂಗಿಲ್ ಅಗೆದ.

"ಒಳ್ಳೆ ನಾಯೀನೇ," ಎಂದಳು ಹುಲ್ಡಾ. "ಕಟ್ಟಿಹಾಕಿದ್ರೆ ಬದುಕಿರ್ತಿತ್ತು."

ರಿಗ್ಸ್ ತಲೆಯಾಡಿಸಿದ.

ಪೆಟಿಂಗಿಲ್ ಮತ್ತೊಮ್ಮೆ ಚುನಾವಣೆಗೆ ನಿಂತ. ಶಾಲೆಗಳ ವಿಚಾರದಲ್ಲಾದರೂ ಹೆಂಗಸರಿಗೆ ಓಟು ಕೊಡಬೇಕು ಎಂದು ಊರೂರಿನಲ್ಲಿ ಹೇಳಿಕೊಂಡು ಬಂದ. ಈ ಸಲದ ಸೋಲು ಹಿಂದಿನದಕ್ಕಿಂತ ದೊಡ್ಡದು. ಉಣ್ಣೆಯ ಬೆಲೆ ಏರಿದ ಕಾಲಕ್ಕೆ ಬೇರೆ ಯಾರೋ ನಾಯಿ ತೆರಿಗೆಯ ಮಸೂದೆಯನ್ನು ಮತ್ತೆ ತಂದರು. ಆಗ ಯಾರೂ ಬೊಗಳಲಿಲ್ಲವಂತೆ. ಪೆಟಿಂಗಿಲ್ ಅದನ್ನು ಪತ್ರಿಕೆಯಲ್ಲಿ ಓದಿ, ಹೆಂಡತಿಗೂ ಓದಿ ಹೇಳಿ, ಕೋರ್ಟಿಗೆ ಹೊರಟ. ಅಂದು ಅವನ ಕೈಯಲ್ಲಿ ಒಂದು ಬೇಲಿಯ ಜಗಳವಿತ್ತು.