ಪುಟಸಂಖ್ಯೆ ಇಲ್ಲದ ಕಾರ್ಡು

ಅಣ್ಣನ ಐದನೆಯ ಪುಸ್ತಕದ ಪ್ರೂಫು ಬಂದಾಗ ಪುಟ್ಟಿಗೆ ಅರವತ್ತೆರಡು ವರ್ಷ. ಈ ವಯಸ್ಸಿನಲ್ಲೂ ಪುಟ್ಟಿಯೇ. ಮನೆಯಲ್ಲಿ ಕಿರಿಯರಾಗಿ ಹುಟ್ಟಿದವರಿಗೆ ಬಡ್ತಿ ಇಲ್ಲ. ಲ್ಯಾಟಿನ್ ಕಾವ್ಯ, ರೋಮನ್ನರ ಬದುಕು ಎಂದರೆ ಅಣ್ಣ ಎನ್ನುವಷ್ಟು ಅವನ ಹೆಸರು ದೊಡ್ಡದು. ಅವನ ಪುಸ್ತಕಗಳ ಕೊನೆಯಲ್ಲಿರುವ ಪದಸೂಚಿ ಮಾತ್ರ ಪುಟ್ಟಿಯ ಕೆಲಸ. ಲ್ಯಾಟಿನ್ ಅವಳಿಗೆ ಬಾರದು. ಆದರೆ ಯಾವ ಕವಿ ಯಾವ ಪುಟದಲ್ಲಿ ಯಾರನ್ನು ನೆನೆದು ಅತ್ತಿದ್ದಾನೆ ಎಂದು ಕೇಳಿದರೆ ಥಟ್ಟನೆ ಹೇಳುತ್ತಿದ್ದಳು.

ಕ್ರಮ ಮೊದಲಿನಿಂದಲೂ ಒಂದೇ. ಒಂದು ಪದಕ್ಕೆ ಒಂದು ಕಾರ್ಡು. ಮೇಲೆ ಪದ, ಕೆಳಗೆ ಅದು ಬರುವ ಪುಟಗಳ ಸಂಖ್ಯೆ. ಅಣ್ಣ ಪುಟ ತಿರುವಿ ನೋಡಿ, ಸರಿಯಿದ್ದರೆ ಕೆಂಪು ಪೆನ್ಸಿಲಿನಲ್ಲಿ ಗುರುತು ಹಾಕಬೇಕು. ಗುರುತಿಲ್ಲದ ಕಾರ್ಡು ಅಚ್ಚಿಗೆ ಹೋಗುವಂತಿಲ್ಲ. ಪಾರ್ಶ್ವವಾಯು ಬಡಿದು ಬಲಗೈ ಬಿದ್ದುಹೋದ ಮೇಲೂ ಅವನು ಎಡಗೈಯಲ್ಲಿ ಗುರುತು ಹಾಕುತ್ತಿದ್ದ. ಇದೇ ಕೊನೆಯ ಪುಸ್ತಕ ಎಂದು ಇಬ್ಬರಿಗೂ ಗೊತ್ತಿತ್ತು, ಬಾಯಿಬಿಟ್ಟು ಹೇಳಿರಲಿಲ್ಲ.

ಏಳನೆಯ ಅಧ್ಯಾಯ ರೋಮನ್ ಕವಿಗಳ ಮನೆಯ ಗುಲಾಮರದು. ಕವಿ ಹೇಳಿದ್ದನ್ನು ಬರೆದುಕೊಂಡವರು, ಪ್ರತಿ ಮಾಡಿದವರು, ಸುರುಳಿಗಳನ್ನು ಜೋಡಿಸಿಟ್ಟವರು. ‘ಇವರ ಹೆಸರನ್ನು ಒಂದು ಸಾಲಿನಲ್ಲಾದರೂ ಬರೆದಿಡಬೇಕೆಂದು ಯಾರಿಗೂ ತೋಚಲಿಲ್ಲ’ ಎಂದು ಅಣ್ಣ ಮರುಗಿದ್ದ. ಪುಟ್ಟಿ ಅದನ್ನು ಗಟ್ಟಿಯಾಗಿ ಓದಿದಳು.

“ಚೆನ್ನಾಗಿ ಬಂದಿದೆ ಅಲ್ವಾ?” ಎಂದ ಅಣ್ಣ.

“ತುಂಬಾ ಚೆನ್ನಾಗಿದೆ” ಎಂದಳು. ಆ ಸಾಲನ್ನು ಮನಸ್ಸಿನಲ್ಲೇ ಇನ್ನೊಮ್ಮೆ ಓದಿಕೊಂಡಳು.

ಮಧ್ಯಾಹ್ನ ಅವನು ಮಲಗಿದ್ದಾಗ ಹಳೆಯ ನಾಲ್ಕೂ ಮುನ್ನುಡಿಗಳನ್ನು ತೆಗೆದು ನೋಡಿದಳು. ಗೊತ್ತಿದ್ದದ್ದೇ. ಪ್ರಕಾಶಕರಿಗೆ ವಂದನೆ, ಗ್ರಂಥಪಾಲಕರಿಗೆ ವಂದನೆ, ಕಣ್ಣಿನ ಪೊರೆ ತೆಗೆದ ಡಾಕ್ಟರಿಗೂ ವಂದನೆ. ಐದನೆಯದರಲ್ಲಿ ಕೈಗೆ ವ್ಯಾಯಾಮ ಮಾಡಿಸುವವನೂ ಸೇರಿಕೊಂಡಿದ್ದ. ಅವಳಿಲ್ಲ. ಅಣ್ಣ ಕೆಟ್ಟವನಲ್ಲ, ತನ್ನ ಕೈಗೆ ತಾನೇ ಯಾರಾದರೂ ವಂದನೆ ಹೇಳುತ್ತಾರೆಯೇ, ಹಾಗೆ. ಹೀಗೆಂದುಕೊಂಡೇ ನಲವತ್ತು ವರ್ಷ ಸಮಾಧಾನ ಮಾಡಿಕೊಂಡಿದ್ದಳು. ಇವತ್ತು ಆಗಲಿಲ್ಲ. ಈ ಪುಸ್ತಕವೂ ಹೀಗೇ ಹೋದರೆ ಇನ್ನೊಂದಿಲ್ಲ.

ಹೊಸ ಕಾರ್ಡಿನಲ್ಲಿ ‘ತಂಗಿ’ ಎಂದು ಬರೆದಳು. ಕೆಳಗೆ ಏನೂ ಬರೆಯದೆ ಕಟ್ಟಿನೊಳಗೆ ಸೇರಿಸಿದಳು.

ಮರುದಿನ ‘ತ’ ಅಕ್ಷರಕ್ಕೆ ಬಂದವನೇ ಅಣ್ಣ ಪೆನ್ಸಿಲು ನಿಲ್ಲಿಸಿದ. “ಪುಟ್ಟಿ, ಇದಕ್ಕೆ ಪುಟ ಹಾಕೋದು ಮರ್ತಿದೀಯ.”

“ಮರ್ತಿಲ್ಲ ಅಣ್ಣ. ಐದೂ ಪುಸ್ತಕ ಹುಡುಕಿದೆ. ಎಲ್ಲೂ ಸಿಗ್ಲಿಲ್ಲ.”

ನಗಲು ಹೋದವನು ಅವಳ ಮುಖ ನೋಡಿ ಪೆನ್ಸಿಲು ಕೆಳಗಿಟ್ಟ. ಆಮೇಲೆ, “ಮುನ್ನುಡಿ ಹಾಳೆ ತಗೋ. ಬರ್ಕೋ” ಎಂದ. ಬಾಯಿ ಸೊಟ್ಟಗಾಗಿದ್ದರಿಂದ ಒಂದೊಂದು ಮಾತಿಗೂ ಹೆಣಗುತ್ತ ತಂಗಿಗೆ ವಂದನೆ ಹೇಳಿ ಬರೆಸಿದ. ತನ್ನ ಪೂರ್ತಿ ಹೆಸರನ್ನು ಪುಟ್ಟಿ ಪ್ರೂಫಿನ ಅಂಚಿನಲ್ಲಿ ತಾನೇ ಬರೆದಳು. ಕಾರ್ಡಿಗೆ ಪುಟ ಐದು ಎಂದು ಹಾಕಿ ಕೊಟ್ಟಳು. ಅಣ್ಣ ಎಂದಿನಂತೆ ಪುಟ ತಿರುವಿ ನೋಡಿ ಕೆಂಪು ಗುರುತು ಹಾಕಿದ.

“ಹಳೇ ನಾಲ್ಕಕ್ಕೆ ಏನ್ಮಾಡೋದು ಪುಟ್ಟಿ?”

“ಅವು ಅಚ್ಚಾಗಿ ಹೋಗಿವೆ ಅಣ್ಣ.”

ಅವನು ಕಾರ್ಡನ್ನು ಕೈಬಿಡಲಿಲ್ಲ. ಅವಳೇ ಒಂದೊಂದಾಗಿ ಅವನ ಬೆರಳು ಬಿಡಿಸಿ ಅದನ್ನು ತೆಗೆದುಕೊಂಡು, ‘ತಂತಿವಾದ್ಯ’ಕ್ಕಿಂತ ಮುಂಚೆ, ಅದರ ಜಾಗದಲ್ಲಿ ಇಟ್ಟಳು.