ಯಾರೂ ಹೇಳದ ಹಿಮ

ಎರಡು ಸಲ ಚಪ್ಪಾಳೆ ತಟ್ಟಿ ದೇವರಿಗೆ ಕೈಮುಗಿಯದೆ ನಿರ್ದೇಶಕ ನಿಶಿವಾಕಿ ಪೆನ್ಸಿಲು ಮುಟ್ಟಿದವರಲ್ಲ. ಅಂದು ಕೈಮುಗಿದರೂ ಮನಸ್ಸು ನಿಲ್ಲಲಿಲ್ಲ. ಬಣ್ಣದ ವಿಭಾಗದ ಗೋಡೆಯ ಮೇಲೆ ಹಿಮಕ್ಕೆಂದು ಕಲಸಿದ ಬಣ್ಣಗಳ ಮಾದರಿ ಹಾಳೆಗಳು ತೂಗುತ್ತಿದ್ದವು. ಅವರ ಕಾರ್ಟೂನು ಚಿತ್ರದಲ್ಲಿ ಹಿಮವೇ ಇರಲಿಲ್ಲ.

ನಿಜ ಹೇಳಬೇಕೆಂದರೆ ಚಿತ್ರಕ್ಕೆ ಇನ್ನೂ ಕೊನೆಯೇ ಇರಲಿಲ್ಲ. ಮೊದಲ ಭಾಗಕ್ಕೆ ಬಣ್ಣ ಬೀಳುವಾಗ ಕೊನೆಯ ಭಾಗ ನಿರ್ದೇಶಕರ ತಲೆಯಲ್ಲೇ ಇರುವುದು ಆ ಸ್ಟುಡಿಯೋದ ವಾಡಿಕೆ. ಕತೆಯ ಮುದುಕಿ ಮನೆ ಬಿಟ್ಟು ಹೊರಡುತ್ತಾಳೆ. ಮುಂದೇನು ಎಂಬುದು ಅವರಿಗೂ ಹೊಳೆದಿರಲಿಲ್ಲ.

ಹಿಂದೊಮ್ಮೆ ಕಾರ್ಟೂನು ಬಿಟ್ಟು ನಟರನ್ನಿಟ್ಟು ಸಿನಿಮಾ ಮಾಡಿದಾಗ, ಕಂಪನಿಯವರು ಬೇರೆಯವರಿಂದ ಕೊನೆ ಮಾಡಿಸಿ ಅಂಟಿಸಿದ್ದರು. ಹೆಸರು ಇವರದು, ಕೂಸು ಪರರದು. ಹಾವು ಕಚ್ಚಿದವನಿಗೆ ಹಗ್ಗವೂ ಹೆಡೆಯೆತ್ತುತ್ತದೆ. ಈಗ ನಿರ್ಮಾಪಕ ಸೊಗಾಬೆ ಇವರನ್ನು ಕಂಡು ಮಾತು ನುಂಗಿದ. ಚಿತ್ರ ಬಿಡಿಸುವವರು ಓರೆಗಣ್ಣಲ್ಲಿ ನೋಡಿ ತಲೆ ತಗ್ಗಿಸಿದರು. ಈ ಸಲವೂ ಕೊನೆಯನ್ನು ಕದ್ದರು ಎಂದುಕೊಂಡರು ನಿಶಿವಾಕಿ.

ಬಣ್ಣದ ಮುಖ್ಯಸ್ಥೆ ತಮಾಯೆಯನ್ನು ಕರೆದು ಕೇಳಿದರು. "ಹಿಮ ಬೇಕು ಅಂತ ಯಾರಮ್ಮ ಹೇಳಿದ್ದು?"

"ನೀವೇ, ಗುರುಗಳೇ."

"ನಾನು ಬಾಯೇ ಬಿಟ್ಟಿಲ್ಲವಲ್ಲ."

"ನೀವು ಬಾಯಿ ಬಿಟ್ಟಿದ್ರೆ ನಮಗ್ಯಾಕೆ ಈ ಪಾಡು?"

ದೃಶ್ಯ ಎಷ್ಟು ಹೊತ್ತಿನದೆಂದು ಅಳೆಯಲು ಗುರುಗಳು ಕಣ್ಣು ಮುಚ್ಚಿ ತಾವೇ ನಟಿಸುತ್ತಾರೆ. ಅದನ್ನು ಎಲ್ಲರೂ ಕದ್ದು ನೋಡುತ್ತಾರೆ ಎಂದಳು. ಈಚೆಗೆ ಅವರು ಕಾಲು ಬಡಿಯುತ್ತಿದ್ದರು, ಅಂಗೈಗೆ ಉಸಿರೂದುತ್ತಿದ್ದರು. ಮುದುಕಿ ಹಿಮದಲ್ಲಿ ನಡೆಯುತ್ತಾಳೆಂದು ಊಹಿಸಿ ಬಣ್ಣದವರು ಬಣ್ಣ ಕಲಸಿದರಂತೆ. ಕೇಳಿದರೆ ಗುರುಗಳ ಯೋಚನೆ ಕೆಡುತ್ತದೆಂದು ಸೊಗಾಬೆ ಎಲ್ಲರ ಬಾಯಿ ಕಟ್ಟಿದ್ದನಂತೆ.

ನಿಶಿವಾಕಿಯ ಮೇಜಿನಡಿಯ ಹೀಟರು ಕೆಟ್ಟು ಕೂತಿತ್ತು. ಅವರಿಗೆ ಚಳಿಯಾಗುತ್ತಿತ್ತು, ಅಷ್ಟೇ. ಆದರೂ ಅನುಮಾನ ಇಳಿಯಲಿಲ್ಲ. ಸೊಗಾಬೆ ಇವಳಿಗೆ ಚೆನ್ನಾಗಿಯೇ ಪಾಠ ಹೇಳಿಕೊಟ್ಟಿರಬೇಕು.

"ಎಲ್ಲಿ, ನಾನು ಹೆಂಗೆ ಮಾಡ್ದೆ ತೋರಿಸು."

ತಮಾಯೆ ಕಣ್ಣು ಮುಚ್ಚಿದಳು. ಕಾಲು ಬಡಿದಳು, ಅಂಗೈಗೆ ಊದಿದಳು. ಆಮೇಲೆ ಬಿಟ್ಟುಬಂದ ಬಾಗಿಲ ಕಡೆಗೆಂಬಂತೆ ಕತ್ತು ತಿರುಗಿಸಹೋಗಿ, ಅರ್ಧದಲ್ಲೇ ತಡೆದು, ಮುಂದಕ್ಕೆ ನೋಡಿದಳು.

ಚಳಿಗೆ ಯಾರೂ ಹಾಗೆ ಮಾಡುವುದಿಲ್ಲ. ಕಲಿಸಿಕೊಡಲು ಸೊಗಾಬೆಗೂ ಅದು ತಿಳಿದಿರಲು ಸಾಧ್ಯವಿರಲಿಲ್ಲ. ನಿಶಿವಾಕಿಯ ತಾಯಿ ಕಡೆಯ ಸಲ ಆಸ್ಪತ್ರೆಗೆ ಹೊರಟಾಗ ಹೀಗೆಯೇ ಮನೆಯ ಕಡೆ ತಿರುಗಹೋಗಿ, ತಿರುಗದೆ ನಡೆದಿದ್ದಳು. ಅದು ತಮ್ಮ ಕತ್ತಿನಲ್ಲಿ ಬಂದು ಕೂತಿದ್ದು ಅವರಿಗೇ ಗೊತ್ತಿರಲಿಲ್ಲ.

ಹೀಟರಿನ ಮಾತು ಅವರು ಎತ್ತಲಿಲ್ಲ. ಹಾಳೆ ಎಳೆದುಕೊಂಡು, ಅರ್ಧ ತಿರುಗಿದ ಮುಖವೊಂದನ್ನು ಗೀಚತೊಡಗಿದರು.

"ಹಿಮ ಅಷ್ಟು ಬೆಳ್ಳಗೆ ಬೇಡಮ್ಮ," ಎಂದರು ತಲೆಯೆತ್ತದೆ. "ಅವಳು ಹೊರಡೋದು ಸಂಜೆ."